ಯಾರು ಏನು ಆಡ್ತಿದ್ದಾರೆ: ನಾಲ್ಕು ದೀಪದ ಪೆಟ್ಟಿಗೆ ಕಟ್ಟಿದ ಐದು ವಾರ

ಹಾಸ್ಟೆಲ್‌ನಲ್ಲಿದ್ದಾಗ ಯಾರು ಏನು ಆಡ್ತಿದ್ದಾರೆ ಅಂತ ತಿಳಿಯಲು ಯಂತ್ರ ಬೇಕಿರಲಿಲ್ಲ. ಕಾರಿಡಾರ್‌ಗೆ ಬಂದು ಒಂದು ಕೂಗು ಹಾಕಿದರೆ ಸಾಕು. ಯಾವುದಾದರೂ ರೂಮಿನಿಂದ ಬೈಗುಳ ಬಂದರೆ ಅಲ್ಲಿ ಕೌಂಟರ್ ಸ್ಟ್ರೈಕ್ 1.6 ನಡೆಯುತ್ತಿದೆ ಅಂತ ಅರ್ಥ. ಈಗ ನಾನು ಮೈಸೂರಿನಲ್ಲಿ. ಉಳಿದ ನಾಲ್ವರಲ್ಲಿ ಒಬ್ಬ ಹುಬ್ಬಳ್ಳಿ, ಒಬ್ಬ ಶಿವಮೊಗ್ಗ, ಒಬ್ಬ ಬೆಂಗಳೂರು, ಇನ್ನೊಬ್ಬ ಮ್ಯೂನಿಕ್. ಎಲ್ಲಿಂದ ಕೂಗುವುದು?

ಕಂಪ್ಯೂಟರ್ ಆಟಗಳನ್ನು ಕೊಂಡು ಆಡುವ ಸ್ಟೀಮ್‌ನ ಫ್ರೆಂಡ್ಸ್ ಲಿಸ್ಟ್ ತೆಗೆದರೆ ಕಾಣುತ್ತದೆ, ಆಟಗಾರರು ಹರಟುವ ಡಿಸ್ಕಾರ್ಡ್‌ನಲ್ಲೂ ಕಾಣುತ್ತದೆ, ನಿಜ. ಆದರೆ ಅದಕ್ಕೆ ಕಂಪ್ಯೂಟರ್ ಆನ್ ಮಾಡಿ, ಅಪ್‌ಡೇಟ್ ಮುಗಿಯುವವರೆಗೆ ಕಾಯಬೇಕು. ಕಾದು ನೋಡಿದರೆ ಒಬ್ಬನೂ ಇರುವುದಿಲ್ಲ. ಫೋನಿನಲ್ಲಿ ನೋಡಬಹುದು. ಆದರೆ ಫೋನ್ ಕೈಗೆ ಬಂದರೆ ಅರ್ಧ ಗಂಟೆ ಎಲ್ಲಿಗೆ ಹೋಯಿತು ಅಂತ ಗೊತ್ತಾಗುವುದಿಲ್ಲ. ನನಗೆ ಬೇಕಿದ್ದದ್ದು ಊಟದ ಮೇಜಿನಿಂದ ತಲೆ ಎತ್ತಿದರೆ ಕಾಣುವ ನಾಲ್ಕು ದೀಪ. ಹತ್ತಿದ್ದರೆ ಆಡ್ತಿದ್ದಾನೆ, ಇಲ್ಲದಿದ್ದರೆ ಇಲ್ಲ. ಆಟದ ಹೆಸರು ಪಕ್ಕದ ಪುಟ್ಟ ಪರದೆಯಲ್ಲಿ.

1. ಜೂನ್ 8, ಭಾನುವಾರ: ಕೀ

ಸ್ಟೀಮ್‌ನಿಂದ ಮಾಹಿತಿ ತೆಗೆಯಲು ವೆಬ್ ಎಪಿಐ ಕೀ ಬೇಕು, ಅಂದರೆ ನಮ್ಮ ಕೋಡ್ ಸ್ಟೀಮ್‌ನ ಸರ್ವರನ್ನು ಕೇಳಲು ಬೇಕಾದ ಗುಟ್ಟಿನ ಸಂಕೇತ. ನನ್ನ ಸ್ವಂತ ಅಕೌಂಟ್ ಯಾಕೆ ಅಂತ ಪರೀಕ್ಷೆಗೆಂದು ಹೊಸದೊಂದು ಅಕೌಂಟ್ ಮಾಡಿದೆ. ಕೀ ಸಿಗಲಿಲ್ಲ. ಅಕೌಂಟ್‌ನಿಂದ ಕನಿಷ್ಠ 5 ಡಾಲರ್ ಖರ್ಚಾಗಿರಬೇಕು, ಅಲ್ಲಿಯವರೆಗೆ ಅದು ಲಿಮಿಟೆಡ್ ಅಕೌಂಟ್. ಅರ್ಧ ಗಂಟೆ ದಂಡ. ಕೊನೆಗೆ ಹಳೇ ಅಕೌಂಟಿನಿಂದಲೇ ತೆಗೆದುಕೊಂಡೆ.

ಗೆಟ್‌ಪ್ಲೇಯರ್‌ಸಮ್ಮರೀಸ್ ಅನ್ನುವ ಒಂದೇ ಕರೆಯಲ್ಲಿ ನಮಗೆ ಬೇಕಾದದ್ದೆಲ್ಲ ಬರುತ್ತದೆ. ಪರ್ಸೊನಾಸ್ಟೇಟ್ ಅನ್ನುವ ಅಂಕಿ 0 ಆದರೆ ಆಫ್‌ಲೈನ್, 1 ಆದರೆ ಆನ್‌ಲೈನ್, 3 ಆದರೆ ಎದ್ದು ಎಲ್ಲೋ ಹೋಗಿದ್ದಾನೆ, 4 ಆದರೆ ಹೋಗಿ ತುಂಬಾ ಹೊತ್ತಾಗಿದೆ. ಆಟ ನಡೆಯುತ್ತಿದ್ದರೆ ಗೇಮ್‌ಎಕ್ಸ್‌ಟ್ರಾಇನ್ಫೋ ಅಂತ ಇನ್ನೊಂದು ಸಾಲು ಬರುತ್ತದೆ, ಅದರಲ್ಲಿ ಆಟದ ಹೆಸರು. ಆಟ ಇಲ್ಲದಿದ್ದರೆ ಆ ಸಾಲೇ ಇರುವುದಿಲ್ಲ. ಸ್ಟೀಮ್ ಐಡಿ 17 ಅಂಕಿಯದು. ಅದನ್ನು ಸಂಖ್ಯೆ ಅಂತ ಇಟ್ಟುಕೊಂಡರೆ ಸಣ್ಣ ಬೋರ್ಡ್‌ನ ಸಾಮಾನ್ಯ ಲಾಂಗ್ ಅನ್ನುವ ಸಂಖ್ಯೆಯ ಜಾಗದಲ್ಲಿ ಹಿಡಿಯುವುದಿಲ್ಲ, ಸ್ಟ್ರಿಂಗ್ (ಅಕ್ಷರಗಳ ಸಾಲು) ಆಗಿಯೇ ಇಡಬೇಕು.

ಮೊದಲ ದಿನದ ದಡ್ಡತನ: ನಾಲ್ವರಿಗೆ ನಾಲ್ಕು ಬೇರೆ ಬೇರೆ ಕರೆ, ಅದೂ 5 ಸೆಕೆಂಡಿಗೊಮ್ಮೆ. ಲೆಕ್ಕ ಹಾಕಿದರೆ ದಿನಕ್ಕೆ 69,120 ಕರೆ. ಒಂದು ಕೀಗೆ ದಿನದ ಮಿತಿ ಒಂದು ಲಕ್ಷ, ಹಾಗಾಗಿ ಬಚಾವ್. ಆದರೆ ಒಂದೇ ಕರೆಯಲ್ಲಿ 100 ಐಡಿವರೆಗೂ ಕೇಳಬಹುದು ಅಂತ ಅಲ್ಲೇ ಬರೆದಿತ್ತು, ನಾನೇ ಓದಿರಲಿಲ್ಲ. ಈಗ ನಿಮಿಷಕ್ಕೆ ಒಂದೇ ಕರೆ, ದಿನಕ್ಕೆ 1,440.

ಇನ್ನೊಂದು ತಪ್ಪು ಇದಕ್ಕಿಂತ ದೊಡ್ಡದು. "ನೋಡ್ರೋ ಬಂತು" ಅಂತ ವಾಟ್ಸಾಪ್ ಗುಂಪಿಗೆ ಸ್ಕ್ರೀನ್‌ಶಾಟ್ ಹಾಕಿದೆ. ಅದರಲ್ಲಿ ಪೂರ್ತಿ ಕೀ ಕಾಣುತ್ತಿತ್ತು. ಬೆಂಗಳೂರಿನವನು ನೋಡಿ "ಮಗಾ, ಮನೆ ಬೀಗದ ಕೈ ಫೋಟೋ ಹಾಕಿದ್ದೀಯಲ್ಲೋ" ಅಂದ. ತಕ್ಷಣ ಆ ಕೀ ರದ್ದು ಮಾಡಿ ಹೊಸದು ತೆಗೆದೆ.

2. ಜೂನ್ 9ರಿಂದ 12: ನಾಲ್ವರನ್ನು ಒಪ್ಪಿಸಿದ್ದು

ಕೋಡ್ ಬರೆದದ್ದು ಎರಡು ಗಂಟೆ. ಇದಕ್ಕೆ ನಾಲ್ಕು ದಿನ.

ಹುಬ್ಬಳ್ಳಿಯವನ ಪ್ರೊಫೈಲ್ ಪ್ರೈವೇಟ್. ಅವನು ಆಡ್ತಾ ಇದ್ದರೂ ಆಟದ ಸಾಲೇ ಬರುತ್ತಿರಲಿಲ್ಲ. ಪ್ರೊಫೈಲ್ ಎಡಿಟ್ ಮಾಡಿ, ಪ್ರೈವೆಸಿ ಸೆಟ್ಟಿಂಗ್ಸ್‌ಗೆ ಹೋಗಿ, ಮೈ ಪ್ರೊಫೈಲ್ ಮತ್ತು ಗೇಮ್ ಡೀಟೇಲ್ಸ್ ಎರಡನ್ನೂ ಪಬ್ಲಿಕ್ ಮಾಡು ಅಂದೆ.

"ಯಾಕಲೇ ದೋಸ್ತ, ನಾ ಏನ್ ಆಡಾಕತ್ತೀನಿ ಅಂತ ತಗೊಂಡು ನೀ ಏನ್ ಮಾಡಾಂವ?"

"ದೀಪ ಹಚ್ಚುತ್ತೇನೆ" ಅಂದೆ. ಐದು ನಿಮಿಷ ನಕ್ಕ, ಆಮೇಲೆ ಬದಲಾಯಿಸಿದ. ಸಾಲು ಬಂತು.

ಬೆಂಗಳೂರಿನವನು ಆಡುವುದು ವ್ಯಾಲೊರಂಟ್, ಅದು ಸ್ಟೀಮ್‌ನಲ್ಲೇ ಇಲ್ಲ. ಶಿವಮೊಗ್ಗದವನು ಆಡುವುದು ಫೋನಿನಲ್ಲಿ ಬಿಜಿಎಂಐ. ಅಂದರೆ ಸ್ಟೀಮ್‌ನಿಂದ ಸಿಗುವುದು ನಾಲ್ವರಲ್ಲಿ ಇಬ್ಬರು ಮಾತ್ರ. ಇದನ್ನು ಮೊದಲೇ ಕೇಳಬೇಕಿತ್ತು, ಅಲ್ವಾ? ಕೇಳಿರಲಿಲ್ಲ.

3. ಜೂನ್ 14, ಶನಿವಾರ: ಬೋರ್ಡ್ ಮತ್ತು ದೀಪ

ಡ್ರಾಯರ್‌ನಲ್ಲಿ ಹಳೇ ನೋಡ್‌ಎಂಸಿಯು ಬೋರ್ಡ್ ಇತ್ತು, ವೈಫೈ ಇರುವ ಇಎಸ್‌ಪಿ8266 ಚಿಪ್‌ನದು. ಪರ್ಫ್‌ಬೋರ್ಡ್ (ಸಾಲು ತೂತುಗಳ ಹಲಗೆ) ಮೇಲೆ ಹೆಡರ್ ಅನ್ನುವ ಪಿನ್ ಸಾಕೆಟ್ ಬೆಸುಗೆ ಹಾಕಿ, ಬೋರ್ಡನ್ನು ಅದರಲ್ಲಿ ಸಿಕ್ಕಿಸಿದೆ. 5 ಮಿ.ಮೀ. ಹಸಿರು ಎಲ್‌ಇಡಿ ನಾಲ್ಕು, ಪ್ರತಿಯೊಂದಕ್ಕೂ 220 ಓಮ್ ರೆಸಿಸ್ಟರ್. ಪರದೆಗೆ ಬೋರ್ಡ್‌ನ ಡಿ1, ಡಿ2 ಪಿನ್. ದೀಪಗಳಿಗೆ ಡಿ3, ಡಿ5, ಡಿ6, ಡಿ7.

ಆನ್ ಮಾಡಿದರೆ ಒಂದು ಸಲ ಬೂಟ್ ಆಗುತ್ತದೆ, ಇನ್ನೊಂದು ಸಲ ಆಗುವುದಿಲ್ಲ. ಚಾರ್ಜರ್ ಬದಲಿಸಿದೆ. ಕೇಬಲ್ ಬದಲಿಸಿದೆ. ಬೆಸುಗೆ ಮತ್ತೆ ಕಾಯಿಸಿದೆ. ಪೂರಾ ಆಗದಿದ್ದರೆ ಹುಡುಕುವುದು ಸುಲಭ, ಆಗಾಗ ಆಗುವುದೇ ತಲೆನೋವು. ರಾತ್ರಿ ಹನ್ನೊಂದಕ್ಕೆ ಡಿ3 ತಂತಿ ಕಿತ್ತರೆ ಹತ್ತಕ್ಕೆ ಹತ್ತು ಸಲ ಬೂಟ್.

ಡಿ3 ಅಂದರೆ ಒಳಗೆ ಜಿಪಿಐಒ 0. ಬೂಟ್ ಆಗುವಾಗ ಈ ಪಿನ್‌ನಲ್ಲಿ ವೋಲ್ಟೇಜ್ ಮೇಲಿರಬೇಕು. ಕೆಳಗಿದ್ದರೆ "ಕೋಡ್ ತುಂಬುತ್ತಿದ್ದಾರೆ" ಅಂತ ಬೋರ್ಡ್ ಕಾದು ಕೂರುತ್ತದೆ. ನನ್ನ ಎಲ್‌ಇಡಿ ಅದನ್ನು ಸುಮಾರು 1.8 ವೋಲ್ಟ್‌ಗೆ ಎಳೆದು, ಮೇಲೂ ಅಲ್ಲ ಕೆಳಗೂ ಅಲ್ಲ ಅನ್ನುವಂತೆ ಮಾಡಿತ್ತು. ಡಿ4, ಡಿ8ಕ್ಕೂ ಇಂಥದ್ದೇ ನಿಯಮಗಳಿವೆ. ಆ ದೀಪವನ್ನು ಡಿ0ಗೆ ಹಾಕಿದೆ. ಡಿ0 ಬೂಟ್ ಆಗುವಾಗ ಒಂದು ಕ್ಷಣ ಮಿಂಚುತ್ತದೆ, ಅಷ್ಟೆ, ತೊಂದರೆ ಇಲ್ಲ. ಅದೇ ಹುಬ್ಬಳ್ಳಿಯವನ ದೀಪ.

4. ಜೂನ್ 15: ಒಡೆದ ಪರದೆ

ಪೆಟ್ಟಿಗೆಗೆ ಕರೆಂಟ್ ಸಾಮಾನಿನ ಅಂಗಡಿಯಿಂದ 8 ಮಾಡ್ಯೂಲ್‌ನ ಪಿವಿಸಿ ಸರ್ಫೇಸ್ ಬಾಕ್ಸ್ ತಂದೆ. ಸ್ವಿಚ್ ಕೂರಿಸುವ ಜಾಗಕ್ಕೆ ಬೇರೆ ಪ್ಲಾಸ್ಟಿಕ್ ಹಾಳೆ ಕತ್ತರಿಸಿ ಹಾಕಿದೆ. ಎಲ್‌ಇಡಿಗೆ 5 ಮಿ.ಮೀ. ತೂತು ನಾಲ್ಕು. ಪರದೆಗೆ ಚೌಕ ಕಿಂಡಿ. ಕಿಂಡಿಯನ್ನು ಬೆಸುಗೆ ಕಡ್ಡಿಯಿಂದ ಕರಗಿಸಿ ಕೊರೆದೆ, ದಯವಿಟ್ಟು ನೀವು ಹಾಗೆ ಮಾಡಬೇಡಿ. ಅಂಚು ಅಡ್ಡಾದಿಡ್ಡಿ ಆಗಿದೆ, ವಾಸನೆ ಎರಡು ದಿನ ಮನೆಯಲ್ಲಿತ್ತು.

0.96 ಇಂಚಿನ ಒಎಲ್‌ಇಡಿ ಪರದೆಯನ್ನು ಸಣ್ಣ ಸ್ಕ್ರೂ ಹಾಕಿ ಬಿಗಿ ಮಾಡುತ್ತಿದ್ದೆ. ಇನ್ನೊಂದು ಸುತ್ತು ಅಂದುಕೊಂಡೆ. ಟಿಕ್ ಅಂತ ಸದ್ದು. ಗಾಜಿನ ಮೂಲೆ ಸೀಳಿತ್ತು. 220 ರೂಪಾಯಿ ಹೋಯಿತು. ಸ್ಕ್ರೂ ಬೇಡವೇ ಬೇಡ, ಹಿಂದಿನಿಂದ ಸ್ಪಂಜ್ ಟೇಪ್ ಸಾಕು.

5. ಜೂನ್ 21, 22: ಹೊಸ ಪರದೆ, ಕನ್ನಡ ಅಕ್ಷರ

ಬೆಂಗಳೂರಿಗೆ ಹೋದಾಗ ಎಸ್.ಪಿ. ರಸ್ತೆಯಲ್ಲಿ 1.3 ಇಂಚಿನದು ತಂದೆ, 390 ರೂಪಾಯಿ. ಹಳೆಯದರಲ್ಲಿ ಮೊದಲ ಪಿನ್ ಗ್ರೌಂಡ್, ಇದರಲ್ಲಿ ಮೊದಲ ಪಿನ್ ವಿಸಿಸಿ, ಅಂದರೆ ಕರೆಂಟ್ ಕೊಡುವ ಪಿನ್. ಈ ಸಲ ಮಾತ್ರ ಮೊದಲೇ ನೋಡಿದೆ. ಆನ್ ಮಾಡಿದರೆ ಪರದೆ ತುಂಬಾ ಎಳ್ಳು ಚೆಲ್ಲಿದ ಹಾಗೆ ಚುಕ್ಕೆಗಳು. ಇದೂ ಸುಟ್ಟಿತಾ ಅಂತ ಎದೆ ಧಸಕ್ಕೆಂದಿತು.

ಸುಟ್ಟಿರಲಿಲ್ಲ. ಹಳೇ ಪರದೆಯ ಒಳಗಿನ ಚಿಪ್ ಎಸ್‌ಎಸ್‌ಡಿ1306, ಇದರದ್ದು ಎಸ್‌ಎಚ್1106. ವಿಳಾಸ ಎರಡಕ್ಕೂ ಒಂದೇ, ನಡೆ ಬೇರೆ. ಅಂಗಡಿಯವರು ಚೀಟಿಯಲ್ಲಿ ಸರಿಯಾಗೇ ಬರೆದಿದ್ದರು. ಯು8ಜಿ2 ಲೈಬ್ರರಿ ಹಾಕಿ, ಎಸ್‌ಎಚ್1106ರ ಸಾಲು ಆರಿಸಿದ ಮೇಲೆ ಅಕ್ಷರ ಕಂಡಿತು.

ಆಟದ ಹೆಸರು ಇಂಗ್ಲಿಷ್‌ನಲ್ಲೇ ಬರುತ್ತದೆ, ಅದು ಇರಲಿ. ಗೆಳೆಯರ ಊರಿನ ಹೆಸರಾದರೂ ಕನ್ನಡದಲ್ಲಿ ಬೇಕು ಅಂತ ನನ್ನ ಹಟ. ಈ ಲೈಬ್ರರಿ ಅಕ್ಷರವನ್ನು ಒಂದರ ಪಕ್ಕ ಒಂದು ಇಡುತ್ತದೆ, ಒತ್ತು ಕೂಡಿಸಲು ಅದಕ್ಕೆ ಬರುವುದಿಲ್ಲ. ಹಾಗಾಗಿ ಹೆಸರುಗಳನ್ನು ಕಂಪ್ಯೂಟರ್‌ನಲ್ಲೇ ಚಿತ್ರವಾಗಿ ಬರೆದು ಬೋರ್ಡಿಗೆ ಹಾಕೋಣ ಎಂದುಕೊಂಡೆ. ಪೈಥಾನ್‌ನ ಪಿಲ್ಲೋದಲ್ಲಿ ಬರೆಸಿದರೆ ಬಂದದ್ದು "ಹುಬ್‌ಬಳ್‌ಳಿ". ರಾಕ್ಮ್ ಅನ್ನುವ ಲೈಬ್ರರಿ ಜೊತೆಗಿಲ್ಲದಿದ್ದರೆ ಪಿಲ್ಲೋಗೂ ಒತ್ತಕ್ಷರ ಗೊತ್ತಾಗುವುದಿಲ್ಲ. ಅದನ್ನು ಹಾಕಿದ ಮೇಲೆ ಹುಬ್ಬಳ್ಳಿ ಹುಬ್ಬಳ್ಳಿಯಾಯಿತು. ಪರೀಕ್ಷೆಗೆ ಇದಕ್ಕಿಂತ ಒಳ್ಳೆಯ ಊರು ಸಿಗುವುದಿಲ್ಲ, ಎರಡೆರಡು ಒತ್ತು.

ಆಮೇಲೆ ಅಳತೆ. ಪರದೆ 128 ಅಡ್ಡ, 64 ಎತ್ತರ. ನಾಲ್ವರಿಗೆ 16 ಚುಕ್ಕೆಯಂತೆ ಹಂಚಿದೆ. ಒತ್ತುಗಳು ಕೆಳಗೆ ಕತ್ತರಿಸಿ ಹೋದವು. ಚಿಕ್ಕದು ಮಾಡಿದರೆ ಬ ಯಾವುದು ಳ ಯಾವುದು ಗೊತ್ತಾಗುವುದಿಲ್ಲ. ಕೊನೆಗೆ ಒಂದು ಪುಟಕ್ಕೆ ಇಬ್ಬರು, 4 ಸೆಕೆಂಡಿಗೊಮ್ಮೆ ಪುಟ ಬದಲು. ಹೆಸರಿಗೆ 20 ಚುಕ್ಕೆ, ಆಟಕ್ಕೆ 10. ನೋಟೊ ಸಾನ್ಸ್ ಕನ್ನಡದ ಬೋಲ್ಡ್ ಬೇಕು, ಸಾಮಾನ್ಯ ದಪ್ಪದಲ್ಲಿ ಗೆರೆಗಳು ಮಾಯ.

ಆಟದ ಸಾಲಿನಲ್ಲಿ ಇಂಗ್ಲಿಷ್‌ನ 21 ಅಕ್ಷರ ಹಿಡಿಯುತ್ತದೆ. ಹುಬ್ಬಳ್ಳಿಯವನು ಆಡುವುದು ಯೂರೋ ಟ್ರಕ್ ಸಿಮ್ಯುಲೇಟರ್ 2. ಬಿಡುವಿನ ಜಾಗ ಸೇರಿ ಸರಿಯಾಗಿ 22. ಕೊನೆಯ 2 ಮಾತ್ರ ಕತ್ತರಿಸಿ ಹೋಗಿ, ಅವನು 2008ರ ಹಳೇ ಆಟ ಆಡುತ್ತಿದ್ದಾನೆ ಅಂತ ಪೆಟ್ಟಿಗೆ ಹೇಳುತ್ತಿತ್ತು. ನಾನೂ ಒಂದು ದಿನ ನಂಬಿ, "ಯಾಕೋ ಹಳೇದಕ್ಕೆ ಹೋದೆ" ಅಂತ ಕೇಳಿದೆ. ಉದ್ದದ ಹೆಸರು ಈಗ ಎಡಕ್ಕೆ ಜಾರುತ್ತದೆ.

6. ಜೂನ್ 24ರಿಂದ 26: ನಿಂತು ಹೋಗುವ ಬೋರ್ಡ್, ಡಿಸ್ಕಾರ್ಡ್

ಆರು ಗಂಟೆ ಓಡಿ ಬೋರ್ಡ್ ಸುಮ್ನೆ ನಿಲ್ಲುತ್ತಿತ್ತು. ಉಳಿದ ಮೆಮೊರಿ ಎಷ್ಟು ಅಂತ ಪ್ರತಿ ಸಲ ಬರೆಸಿ ನೋಡಿದೆ. ಶುರುವಿನಲ್ಲಿ 31 ಕೆಬಿ, ನಿಲ್ಲುವ ಹೊತ್ತಿಗೆ 11. ಎಚ್‌ಟಿಟಿಪಿಎಸ್ (ಗೂಢಲಿಪಿಯ ವೆಬ್) ಸಂಪರ್ಕ ಒಂದಕ್ಕೇ 20 ಕೆಬಿಗಿಂತ ಜಾಸ್ತಿ ಬೇಕು. ಮೇಲಿಂದ ನಾನು ಸ್ಟ್ರಿಂಗ್‌ಗೆ ಸ್ಟ್ರಿಂಗ್ ಅಂಟಿಸುತ್ತಾ ಹೋಗಿದ್ದೆ. ಸರಿಪಡಿಸಬಹುದಿತ್ತು. ಆದರೆ ಡಿಸ್ಕಾರ್ಡ್‌ಗೆ ಹೇಗಿದ್ದರೂ ದಿನವಿಡೀ ಓಡುವ ಕಂಪ್ಯೂಟರ್ ಬೇಕಿತ್ತು. ಕಪಾಟಿನ ಮೇಲೆ ಅಂಗೈಯಗಲದ ಕಂಪ್ಯೂಟರ್, ಹಳೇ ರಾಸ್ಪ್‌ಬೆರಿ ಪೈ 3 ಇತ್ತು. ಕೇಳುವ ಕೆಲಸವೆಲ್ಲ ಅದಕ್ಕೆ. ಬೋರ್ಡ್ ಮನೆಯೊಳಗಿನ ವೈಫೈನಲ್ಲಿ ಪೈಯಿಂದ ಒಂದೇ ಚಿಕ್ಕ ಸಾಲು ಓದುತ್ತದೆ. ಆಮೇಲೆ ಒಂದು ಸಲವೂ ನಿಂತಿಲ್ಲ.

ಡಿಸ್ಕಾರ್ಡ್‌ನಲ್ಲಿ ನಮ್ಮ ಐವರದ್ದೊಂದು ಸರ್ವರ್ ಇದೆ. ಅದಕ್ಕೊಂದು ಬಾಟ್ (ತಾನೇ ಕೆಲಸ ಮಾಡುವ ಪ್ರೋಗ್ರಾಂ) ಸೇರಿಸಿದೆ. ಯಾರು ಏನು ಆಡ್ತಿದ್ದಾರೆ ಅಂತ ಬಾಟ್‌ಗೆ ಕಾಣಬೇಕಾದರೆ ಡೆವಲಪರ್ ಪೋರ್ಟಲ್‌ನಲ್ಲಿ ಪ್ರೆಸೆನ್ಸ್ ಇಂಟೆಂಟ್ ಅನ್ನುವ ಅನುಮತಿ ಆನ್ ಇರಬೇಕು. ಕೋಡ್‌ನಲ್ಲಿ ಮಾತ್ರ ಆನ್ ಮಾಡಿದ್ದೆ, ಬಾಟ್ ಎದ್ದೇಳಲೇ ಇಲ್ಲ. ಎರಡೂ ಕಡೆ ಬೇಕು.

ಮೊದಲ ರಾತ್ರಿ ಬೆಂಗಳೂರಿನವನ ದೀಪ ಹತ್ತಿತು. ಪರದೆಯಲ್ಲಿ ಆಟದ ಹೆಸರಿನ ಜಾಗದಲ್ಲಿ "ಸೋಮವಾರ ಯಾಕಾದರೂ ಬರುತ್ತೋ" ಅಂತ ಇಂಗ್ಲಿಷ್‌ನಲ್ಲಿ. ಅದು ಅವನ ಕಸ್ಟಮ್ ಸ್ಟೇಟಸ್. ಮರುದಿನ ಒಂದು ಹಾಡಿನ ಹೆಸರು. ಡಿಸ್ಕಾರ್ಡ್‌ಗೆ ಸ್ಟೇಟಸ್, ಹಾಡು, ಆಟ ಎಲ್ಲವೂ ಆಕ್ಟಿವಿಟಿಯೇ. ನಾನು ಪಟ್ಟಿಯ ಮೊದಲನೆಯದನ್ನು ಕಣ್ಣುಮುಚ್ಚಿ ತೆಗೆದುಕೊಳ್ಳುತ್ತಿದ್ದೆ. ಪೂರ್ತಿ ಪಟ್ಟಿ ನೋಡಿ, ಪ್ಲೇಯಿಂಗ್ ಅಂತ ಇರುವುದನ್ನು ಮಾತ್ರ ಹೆಕ್ಕುವಂತೆ ಮಾಡಿದೆ.

ಶಿವಮೊಗ್ಗದವನ ಫೋನ್ ಆಟವನ್ನು ನೋಡುವ ದಾರಿ ನನಗೆ ಸಿಗಲಿಲ್ಲ. ಅದಕ್ಕೆ ಅಡ್ಡದಾರಿ: ಅವನು ಚಾನೆಲ್‌ನಲ್ಲಿ "ಬಂದೆ" ಅಂತ ಬರೆದರೆ ಅವನ ದೀಪ ಒಂದು ಗಂಟೆ ಹತ್ತುತ್ತದೆ. ಇಲ್ಲೂ ಒಂದು ಗಂಟೆ ಕಳೆಯಿತು. ಬಾಟ್‌ಗೆ ಸಂದೇಶ ತಲುಪುತ್ತಿತ್ತು, ಒಳಗಿನ ಮಾತು ಖಾಲಿ. ಅದಕ್ಕೆ ಮೆಸೇಜ್ ಕಂಟೆಂಟ್ ಇಂಟೆಂಟ್ ಅಂತ ಬೇರೆಯೇ ಇದೆ.

7. ಜೂನ್ 28, ಶನಿವಾರ: ಬೇಡದ ಗ್ರಾಫ್

ಪೈ ಪ್ರತಿ ನಿಮಿಷದ ಸ್ಥಿತಿಯನ್ನು ಒಂದು ಫೈಲ್‌ನಲ್ಲಿ ಬರೆದಿಡುತ್ತಿತ್ತು. ದೋಷ ಹುಡುಕಲು ಅಂತ ನಾನೇ ಹಾಕಿದ್ದು. ನಾಲ್ಕು ದಿನದ್ದು ಇದೆಯಲ್ಲ ಅಂತ ಅದರಿಂದ ಪಟ್ಟಿ ಪಟ್ಟಿಯ ಒಂದು ಗ್ರಾಫ್ ಮಾಡಿ, "ವಾರದ ಆಟಗಾರ" ಅಂತ ಮೇಲೆ ಬರೆದು ಗುಂಪಿಗೆ ಹಾಕಿದೆ. ಮ್ಯೂನಿಕ್‌ನವನದ್ದು 41 ಗಂಟೆ ಫ್ಯಾಕ್ಟೋರಿಯೋ. ಒಂದು ಪಟ್ಟಿ ಒಂದೇ ಉಸಿರಿಗೆ 14 ಗಂಟೆ. ಎಲ್ಲರೂ ನಕ್ಕರು. ಅವನು ಏನೂ ಬರೆಯಲಿಲ್ಲ. ನನಗದು ಗಮನಕ್ಕೆ ಬರಲಿಲ್ಲ.

8. ಜುಲೈ 1ರಿಂದ 3: ಸತ್ತ ದೀಪ

ನಾಲ್ಕನೆಯ ದೀಪ, ಡಿ7ರದ್ದು, ಮ್ಯೂನಿಕ್‌ನವನದು, ಎರಡು ದಿನದಿಂದ ಹತ್ತಿಲ್ಲ.

ಜುಲೈ 1, ಸಂಜೆ 7: ಮಲ್ಟಿಮೀಟರ್ ಹಿಡಿದೆ. ರೆಸಿಸ್ಟರ್ ಸರಿ ಇದೆ. ಎಲ್‌ಇಡಿ ಹಳದಿಯಾಗಿದೆ ಅನ್ನಿಸಿತು, ಬದಲಾಯಿಸಿದೆ. ಇಲ್ಲ.
8.30: ಡಿ7ರ ಬೆಸುಗೆ ಮಂಕಾಗಿ ಕಾಣುತ್ತಿತ್ತು. ಹೀರಿ ತೆಗೆದು ಮತ್ತೆ ಹಾಕಿದೆ. ಇಲ್ಲ.
9.15: ಕೋಡ್‌ನಿಂದ ಬಲವಂತವಾಗಿ ಹತ್ತಿಸಿದೆ. ಹತ್ತಿತು! ಅಂದರೆ ತಂತಿ, ಬೆಸುಗೆ ಎಲ್ಲ ಸರಿ. ಇದನ್ನು ಮೊದಲು ಮಾಡಬೇಕಿತ್ತು.
ಜುಲೈ 2: ಪೈಗೆ ಬಂದ ಉತ್ತರ ನೋಡಿದೆ. ಪರ್ಸೊನಾಸ್ಟೇಟ್ 0, ಆಟದ ಸಾಲಿಲ್ಲ. ಹಗಲು ನೋಡಿದರೂ 0, ರಾತ್ರಿ ನೋಡಿದರೂ 0. ಐಡಿ ತಪ್ಪಿದೆಯಾ ಅಂತ ಅಂಕಿ ಅಂಕಿ ಹೋಲಿಸಿದೆ. ಸರಿ ಇದೆ.
ಜುಲೈ 3: ಅವನನ್ನೇ ಕೇಳಿದೆ. "ಆಟ ಬಿಟ್ಟೆಯಾ?"

"ಬಿಟ್ಟಿಲ್ಲ ಮಾರಾಯ. ಯಾರಿಗೂ ಕಾಣದ ಹಾಗೆ ಇನ್‌ವಿಸಿಬಲ್ ಹಾಕಿಕೊಂಡಿದ್ದೇನೆ."

ಆಗಿದ್ದು ಇಷ್ಟು. ಅವನ ಊರೂ ಶಿವಮೊಗ್ಗವೇ. ನಮ್ಮ ಶಿವಮೊಗ್ಗದ ಗೆಳೆಯ ಇವನ ಅಮ್ಮನಿಗೆ ಅಂಗಡಿಯಲ್ಲಿ ಸಿಕ್ಕಾಗ ಗ್ರಾಫ್‌ನ ವಿಷಯ ತಮಾಷೆಯಾಗಿ ಹೇಳಿದ್ದಾನೆ. ಅವರು ಫೋನ್ ಮಾಡಿ, "ರಾತ್ರಿಯಿಡೀ ನಿದ್ದೆಗೆಟ್ಟು ಆಟ ಆಡ್ತೀಯಂತಲ್ಲೋ, ಅದಕ್ಕೇ ಅಷ್ಟು ದೂರ ಹೋಗಿದ್ದಾ" ಅಂತ ಅತ್ತಿದ್ದಾರೆ. ಇವನು ಆಡುತ್ತಲೇ ಇರಲಿಲ್ಲ. ಫ್ಯಾಕ್ಟೋರಿಯೋದಲ್ಲಿ ನಾವು ಎದ್ದು ಹೋದರೂ ಕಾರ್ಖಾನೆ ತನ್ನ ಪಾಡಿಗೆ ಓಡುತ್ತಿರುತ್ತದೆ. ಬೆಳಿಗ್ಗೆಗೆ ಸಾಮಾನು ತಯಾರಾಗಿರಲಿ ಅಂತ ಆಟ ಬಿಟ್ಟು ಮಲಗುತ್ತಿದ್ದ. ಸ್ಟೀಮ್ 3 ಅಂತಲೂ 4 ಅಂತಲೂ ಸರಿಯಾಗಿ ಹೇಳುತ್ತಿತ್ತು. ನನ್ನ ಕೋಡ್ ಆ ಅಂಕಿಯನ್ನು ನೋಡುತ್ತಲೇ ಇರಲಿಲ್ಲ, ಆಟದ ಹೆಸರು ಇದೆಯಾ ಅಂತ ಮಾತ್ರ ನೋಡುತ್ತಿತ್ತು. ಮಲಗಿದ್ದವನನ್ನು 14 ಗಂಟೆ ಆಡಿಸಿದ್ದು ನಾನು.

ಅವರಮ್ಮನಿಗೆ ಫೋನ್ ಮಾಡಿದೆ. ಆಂಟಿ, ಅದು ನನ್ನ ಯಂತ್ರದ ತಪ್ಪು ಅಂದೆ. ಎರಡು ಸಲ ಹೇಳಬೇಕಾಯಿತು. ನಂಬಿದರೋ ಇಲ್ಲವೋ, "ಊಟ ಆಯ್ತಾ" ಅಂತ ಕೇಳಿ ಇಟ್ಟರು.

9. ಜುಲೈ 5, 6: ತಿದ್ದಿದ್ದು

ಫೈಲ್ ಅಳಿಸಿದೆ. ಪೈ ಈಗ ಈ ಕ್ಷಣದ ಸ್ಥಿತಿ ಬಿಟ್ಟು ಏನನ್ನೂ ಇಟ್ಟುಕೊಳ್ಳುವುದಿಲ್ಲ. ಎಷ್ಟು ಹೊತ್ತಿನಿಂದ ಆಡ್ತಿದ್ದಾನೆ ಅಂತ ಪರದೆಯ ಮೂಲೆಯಲ್ಲಿ ತೋರಿಸುತ್ತಿದ್ದೆ, ಅದನ್ನೂ ತೆಗೆದೆ. 3 ಅಥವಾ 4 ಇದ್ದರೆ ಆಟ ತೆರೆದಿದ್ದರೂ ದೀಪ ಹತ್ತುವುದಿಲ್ಲ. ಬಾಟ್‌ಗೆ "ಬೇಡ" ಅಂತ ಬರೆದರೆ ಬರೆದವನ ದೀಪ ಮರುದಿನದವರೆಗೆ ಆರಿರುತ್ತದೆ. ಯಾರು ಬರೆದರು ಅಂತ ಉಳಿದವರಿಗೆ ಕಾಣದ ಹಾಗೆ ಅದನ್ನು ನೇರ ಸಂದೇಶದಲ್ಲಿ ಕಳಿಸಬೇಕು.

ಭಾನುವಾರ ಮಳೆಗೆ ಕರೆಂಟ್ ಹೋಗಿ ಬಂತು. ಪೆಟ್ಟಿಗೆ ಏಳಲಿಲ್ಲ. ರೌಟರ್ ಎದ್ದೇಳಲು ಸುಮಾರು ಎರಡು ನಿಮಿಷ ಬೇಕು. ನನ್ನ ಕೋಡ್ 20 ಸಲ ವೈಫೈ ಹುಡುಕಿ, 10 ಸೆಕೆಂಡಿಗೇ ಕೈ ಚೆಲ್ಲಿ ಕೂರುತ್ತಿತ್ತು. ಸಿಗದಿದ್ದರೆ ಬೋರ್ಡ್ ತಾನೇ ರೀಸ್ಟಾರ್ಟ್ ಆಗಲಿ ಅಂತ ಒಂದು ಸಾಲು ಸೇರಿಸಿದೆ.

10. ಜುಲೈ 13: ಖರ್ಚು, ಬಾಕಿ

ಪರದೆ 390, ಬಾಕ್ಸ್ ಮತ್ತು ಹಾಳೆ 140, ತಂತಿ 70, ಪರ್ಫ್‌ಬೋರ್ಡ್ 40, ಹೆಡರ್ 30, ಎಲ್‌ಇಡಿ 20, ರೆಸಿಸ್ಟರ್ 10. ಒಟ್ಟು 700. ಒಡೆದ ಪರದೆ ಸೇರಿಸಿದರೆ 920. ನೋಡ್‌ಎಂಸಿಯು, ಪೈ, ಫೋನ್ ಚಾರ್ಜರ್ ಮನೆಯಲ್ಲೇ ಇದ್ದವು.

ಶಿವಮೊಗ್ಗದವನು ಇದುವರೆಗೆ "ಬಂದೆ" ಅಂತ ಬರೆದದ್ದು ಎರಡೇ ಸಲ. ಅದರಲ್ಲಿ ಒಂದು ಪರೀಕ್ಷೆಗೆ. ಮ್ಯೂನಿಕ್‌ನವನ ದೀಪ ಕಳೆದ ಬುಧವಾರ ಹತ್ತಿತು, ನಮ್ಮಲ್ಲಿ ರಾತ್ರಿ ಹನ್ನೊಂದೂವರೆ. ಕಂಪ್ಯೂಟರ್ ಆನ್ ಮಾಡಿ ಹೋದೆ. ಗ್ರಾಫ್‌ನ ಮಾತು ಇಬ್ಬರೂ ಎತ್ತಲಿಲ್ಲ, ಎರಡು ಗಂಟೆ ಕಾರ್ಖಾನೆ ಕಟ್ಟಿದೆವು.

ಈಗ ಹುಬ್ಬಳ್ಳಿಯವನದ್ದು ಹೊಸ ಪಟ್ಟು. "ನಂಗೂ ಒಂದ್ ಡಬ್ಬಿ ಕಟ್ಟಿ ಕೊಡಲೇ." ಡಬ್ಬಿ ಕಟ್ಟುವುದು ಒಂದು ಶನಿವಾರದ ಕೆಲಸ. ಆದರೆ ಅವನ ಡಬ್ಬಿ ನಮ್ಮ ಮನೆಯ ಪೈಯನ್ನು ಮುಟ್ಟಬೇಕು, ನಮ್ಮ ಇಂಟರ್ನೆಟ್‌ಗೆ ಹೊರಗಿನಿಂದ ತಲುಪಲು ಸ್ವಂತ ವಿಳಾಸ (ಪಬ್ಲಿಕ್ ಐಪಿ) ಇಲ್ಲ. ಪುಟ್ಟ ಸಂದೇಶಗಳನ್ನು ದಾಟಿಸುವ ಬಿಟ್ಟಿ ಎಂಕ್ಯುಟಿಟಿ ಸರ್ವರ್ ಮೂಲಕ ಕಳಿಸಬಹುದು. ಹಾಗೆ ಮಾಡಿದರೆ ನಾಲ್ವರೂ ಯಾವಾಗ ಏನು ಆಡ್ತಿದ್ದಾರೆ ಅಂತ ಅಲ್ಲಿ ಕಿವಿಗೊಟ್ಟು ಕೂತ ಯಾರಿಗೆ ಬೇಕಾದರೂ ಕಾಣುತ್ತದೆ. ಅದು ಬೇಡ. ಅವನ ಮನೆಯಲ್ಲೂ ಒಂದು ಪೈ ಇಡಬೇಕೋ, ಅಥವಾ ಎರಡು ಮನೆ ನಡುವೆ ವಿಪಿಎನ್ (ಖಾಸಗಿ ಸಂಪರ್ಕ) ಹಾಕಬೇಕೋ, ಇನ್ನೂ ತೀರ್ಮಾನವಾಗಿಲ್ಲ. ಅವನ ಡಬ್ಬಿಗೆ ಪರದೆ ತಂದು ಇಟ್ಟಿದ್ದೇನೆ. ಚೀಟಿ ಓದಿಯೇ ತಂದೆ, ಎಸ್‌ಎಚ್1106.